ಎವೆಯಿಕ್ಕದ ಕಣ್ಣು, ಬಯಲಾದ ಬಣ್ಣ

ನಮ್ಮಜ್ಜಿ ಬೆಳಗಿನ ಜಾವ ಐದೂವರೆಗೆಲ್ಲ ಪೂಜೆಗೆ ಕೂರುತ್ತಿದ್ದರು. ಗುಬ್ಬಿ ತಾಲ್ಲೂಕಿನ ಹಳ್ಳಿ ಮನೆ. ಕೂರುವ ಮುಂಚೆ ಹೂ ಬಿಡಿಸಲು ಹಿತ್ತಲಿಗೆ ಹೋಗಬೇಕು. ಬುಟ್ಟಿ ಹಿಡಿದುಕೊಂಡು ಹಿಂದೆ ನಾನು. ಆ ಹೊತ್ತಿನಲ್ಲಿ ದಾಸವಾಳದ ಗಿಡದಲ್ಲಿ ಮೊದಲು ಕಣ್ಣಿಗೆ ಬೀಳುತ್ತಿದ್ದುದು ಎಲೆ. ಹೂವಿದ್ದ ಜಾಗದಲ್ಲಿ ಬರೀ ಕಪ್ಪು. ಅಜ್ಜಿ ಕೈಯಾಡಿಸಿ, ಮುಟ್ಟಿ ನೋಡಿಯೇ ಹೂ ಬಿಡಿಸುತ್ತಿದ್ದರು. ಪೂಜೆ ಮುಗಿಸಿ ಹಿತ್ತಲ ಬಾಗಿಲು ತೆರೆದರೆ ಗಿಡದಲ್ಲಿ ಉಳಿದ ಹೂಗಳು ಕೆಂಪಗೆ ಉರಿಯುತ್ತಿದ್ದವು. ಅವು ಯಾವಾಗ ಕೆಂಪಾದವು ಎಂಬುದು ನನಗೆ ಆಗ ದೊಡ್ಡ ಪ್ರಶ್ನೆ. ನೋಡುತ್ತಲೇ ನಿಂತರೂ ಆ ಗಳಿಗೆ ಸಿಗುತ್ತಿರಲಿಲ್ಲ.

ಪಡಸಾಲೆಯ ಮೂಲೆಯಲ್ಲಿ ಒಂದು ಮಣೆ, ಎರಡು ದೀಪ, ಚೊಂಬಿನಲ್ಲಿ ನೀರು, ವಿಭೂತಿ ಗಟ್ಟಿ. ಅಜ್ಜಿ ಕೊರಳಿನ ಶಿವದಾರದಿಂದ ಕರಡಿಗೆ ಬಿಚ್ಚಿ, ಬಟ್ಟೆಯ ಮಡಿಕೆಯೊಳಗಿನ ಲಿಂಗವನ್ನು ಎಡಗೈಯ ಅಂಗೈ ಮೇಲೆ ಇಟ್ಟುಕೊಳ್ಳುತ್ತಿದ್ದರು. ನಿಂಬೆಹಣ್ಣಿಗಿಂತ ತುಸು ಚಿಕ್ಕದು. ಕಂತಿ ಕಟ್ಟಿದ ಕಪ್ಪು, ಚೆನ್ನಾಗಿ ಮಾಗಿದ ನೇರಳೆಯ ಕಪ್ಪು, ಮೇಲೆ ಎಣ್ಣೆ ಸವರಿದಂಥ ಹೊಳಪು. ಆ ಕಪ್ಪಿನ ಮೇಲೆ ದೀಪದ ಕುಡಿ ಸಾಸಿವೆ ಕಾಳಿನಷ್ಟು ಬೆಳಕಾಗಿ ಕೂತಿರುತ್ತಿತ್ತು. ಅಜ್ಜಿ ಅಂಗೈಯನ್ನು ಎದೆಯಿಂದ ಮೇಲಕ್ಕೆ, ಮೂಗಿನ ನೇರಕ್ಕೆ ಎತ್ತಿ ಅದನ್ನೇ ನೋಡುತ್ತಿದ್ದರು. ರೆಪ್ಪೆ ಬಡಿಯುತ್ತಿರಲಿಲ್ಲ. ಪಕ್ಕದಲ್ಲಿ ಕೂತು ನಾನೂ ಹಾಗೇ ನೋಡಲು ಹೋಗಿ ಕಣ್ಣಲ್ಲಿ ನೀರು ತುಂಬಿಸಿಕೊಳ್ಳುತ್ತಿದ್ದೆ.

“ಕಣ್ಣು ಉರಿಯಲ್ವಾ ಅಜ್ಜಿ?” ಎಂದು ಒಂದು ಸಲ ಕೇಳಿದ್ದೆ.

“ಉರೀತದೆ ಮಗ, ಮೊದ್ಮೊದ್ಲು. ಆಮೇಲೆ ಉರಿಯಾಕೆ ಕಣ್ಣೆಲ್ಲಿರ್ತದೆ?” ಅಂದಿದ್ದರು.

ಬಣ್ಣ ಎಂದರೇನು, ಅದು ಹೂವಿನಲ್ಲಿದೆಯೋ ಕಣ್ಣಿನಲ್ಲಿದೆಯೋ? ನೋಡುವುದು ಎಂದರೇನು? ಕಾಲ ಎಂದರೇನು? ಲೋಕದ ಎಲ್ಲ ಕಡೆಯ ತತ್ವಜ್ಞಾನಿಗಳೂ ತಲೆ ಕೆಡಿಸಿಕೊಂಡ ಪ್ರಶ್ನೆಗಳಿವು. ಬಹುಪಾಲು ಜನ ಇವನ್ನು ಮೂರು ಬೇರೆ ಬೇರೆ ಪ್ರಶ್ನೆಗಳಾಗಿ ಹಿಡಿದರು. ನಮ್ಮ ತುಮಕೂರು, ಗುಬ್ಬಿ, ಕುಣಿಗಲ್ಲುಗಳ ನಡುವಿನ ನೆಲದಲ್ಲಿ ಐದು ನೂರು ವರ್ಷಗಳ ಹಿಂದೆ ಇದ್ದವರು ಮೂರನ್ನೂ ಸೇರಿಸಿ ಒಂದು ಅಂಗೈ ಮೇಲೆ ಇಟ್ಟರು. ಅದನ್ನು ನಾವು ಇಂದಿಗೂ ಭಕ್ತಿ, ಆಚಾರ, ಮನೆತನದ ನೇಮ ಎಂದಷ್ಟೇ ಕರೆಯುತ್ತೇವೆ. ನನ್ನ ಮಟ್ಟಿಗೆ ಅದು ಪೂರ್ಣ ಅರ್ಥದಲ್ಲಿ ದರ್ಶನ. ಕಾಣ್ಕೆ ಎಂಬ ಕನ್ನಡ ಮಾತು ಅದಕ್ಕೆ ಇನ್ನೂ ಚೆನ್ನಾಗಿ ಒಪ್ಪುತ್ತದೆ.

*

ಊರುಗಳಿಂದ ಶುರು ಮಾಡೋಣ. ಗುಬ್ಬಿ ಎಂದರೆ ಹೊರಗಿನವರಿಗೆ ವೀರಣ್ಣನವರ ನಾಟಕ ಕಂಪನಿ. 1884ರಲ್ಲಿ ಹುಟ್ಟಿದ ಆ ಕಂಪನಿಯ ಪೂರ್ತಿ ಹೆಸರಿನಲ್ಲಿ ಚನ್ನಬಸವೇಶ್ವರರ ಹೆಸರಿದೆ. ಅವರೇ ಊರವರ ಬಾಯಲ್ಲಿ ಗುಬ್ಬಿಯಪ್ಪ, ಗೋಸಲ ಚನ್ನಬಸವೇಶ್ವರರು. ಎಡೆಯೂರು ಸಿದ್ಧಲಿಂಗೇಶ್ವರರಿಗೆ ಇವರೇ ಗುರು ಎಂಬುದು ಪರಂಪರೆಯ ಮಾತು. ಗುರು ಗುಬ್ಬಿಯಲ್ಲಿ, ಶಿಷ್ಯ ಕುಣಿಗಲ್ ತಾಲ್ಲೂಕಿನ ಎಡೆಯೂರಿನಲ್ಲಿ. ಇದೇ ಗುಬ್ಬಿಯ ಮಲ್ಲಣಾರ್ಯ 1513ರಲ್ಲಿ ‘ಭಾವಚಿಂತಾರತ್ನ’ವನ್ನೂ 1530ರಲ್ಲಿ ‘ವೀರಶೈವಾಮೃತ ಪುರಾಣ’ವನ್ನೂ ಬರೆದ ಕವಿ. ಆ ಕಾಲದಲ್ಲಿ ಈ ಭಾಗ ಎಷ್ಟು ಬಿರುಸಾಗಿ ಓದುತ್ತಿತ್ತು, ಬರೆಯುತ್ತಿತ್ತು ಎಂಬುದಕ್ಕೆ ಅದೊಂದೇ ಸಾಕ್ಷಿ ಸಾಕು.

ಹರದನಹಳ್ಳಿಯಿಂದ ಹೊರಟು ನಾಡು ಸುತ್ತಿದ ಸಿದ್ಧಲಿಂಗರು ತಪಸ್ಸಿಗೆ ಕೂತದ್ದು ಎಡೆಯೂರಿಗೆ ಹತ್ತಿರದ ಕಗ್ಗೆರೆಯ ಒಂದು ತೋಟದಲ್ಲಿ. ‘ತೋಂಟದ’ ಎಂಬ ವಿಶೇಷಣ ಬಂದದ್ದು ಅಲ್ಲಿಂದ. ಅವರ ಸುತ್ತ ಹುತ್ತ ಬೆಳೆಯಿತು, ಹಸುವೊಂದು ಬಂದು ಹುತ್ತದ ಮೇಲೆ ಹಾಲು ಸುರಿಸುತ್ತಿತ್ತು, ಅದನ್ನು ಬೆನ್ನು ಹತ್ತಿ ಹೋದ ಜನಕ್ಕೆ ಒಳಗೆ ಕೂತವರು ಸಿಕ್ಕರು ಎಂಬ ಕತೆ ನಮ್ಮ ಕಡೆಯ ಮಕ್ಕಳಿಗೆಲ್ಲ ಗೊತ್ತು. ಕತೆಯನ್ನು ಪವಾಡವೆಂದು ಕೇಳಿಕೊಂಡು ಸುಮ್ಮನಾಗುತ್ತೇವೆ. ನನಗೆ ಅದರಲ್ಲಿ ಕಾಣುವುದು ಎರಡು ಕಾಲ. ಹೊರಗೆ ಗೆದ್ದಲು ಒಂದೊಂದೇ ಕಣ ಮಣ್ಣು ತಂದು ಅಳೆಯುತ್ತಿದ್ದ ಕಾಲ. ಒಳಗೆ ಕೂತವರಿಗೆ ಇಲ್ಲದೇ ಹೋಗಿದ್ದ ಕಾಲ. ಹುತ್ತವೇ ಗಡಿಯಾರ. ಕಗ್ಗತ್ತಲೆ, ಕಗ್ಗಲ್ಲುಗಳಲ್ಲಿರುವ ಆ ‘ಕರಿ’ ಕಗ್ಗೆರೆಯೊಳಗೂ ಇರಬೇಕು ಎಂದು ಹೋದಾಗಲೆಲ್ಲ ಅನ್ನಿಸುತ್ತದೆ. ಅಂಗೈ ಮೇಲಿನ ಕಪ್ಪನ್ನು ನೋಡುತ್ತ ಕೂತವರಿಗೆ ಅಂಥ ಹೆಸರಿನ ಊರು ಸಿಕ್ಕಿದ್ದು ಚೆಂದವೇ ಆಯಿತು.

ಸಿದ್ಧಲಿಂಗರು ಬರೀ ಕೂತವರಲ್ಲ, ಹೇಳಿದವರೂ ಹೌದು. ಅವರ ‘ಷಟ್‌ಸ್ಥಲ ಜ್ಞಾನಸಾರಾಮೃತ’ದಲ್ಲಿ 701 ವಚನಗಳಿವೆ. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಮಿಂಚಿ ಚೆದುರಿದ ಮಾತುಗಳನ್ನು ಒಂದು ಕಟ್ಟಿಗೆ ತರುವ ಕೆಲಸ ವಿಜಯನಗರದ ಪ್ರೌಢದೇವರಾಯನ ಕಾಲಕ್ಕೇ ಶುರುವಾಗಿತ್ತು. ಅಲ್ಲಮನನ್ನು ನಡುವೆ ಕೂರಿಸಿ, ಬಸವಣ್ಣ, ಚನ್ನಬಸವಣ್ಣ, ಅಕ್ಕಮಹಾದೇವಿ, ಸಿದ್ಧರಾಮರ ವಚನಗಳನ್ನು ಸಂವಾದವಾಗಿ ಹೆಣೆದ ‘ಶೂನ್ಯಸಂಪಾದನೆ’ಯನ್ನು ಒಬ್ಬರ ಮೇಲೊಬ್ಬರಂತೆ ನಾಲ್ವರು ಕಟ್ಟಿದರು: ಶಿವಗಣಪ್ರಸಾದಿ ಮಹಾದೇವಯ್ಯ, ಹಲಗೆಯಾರ್ಯ, ಗುಮ್ಮಳಾಪುರದ ಸಿದ್ಧಲಿಂಗಯತಿ, ಕೊನೆಗೆ ಗೂಳೂರು ಸಿದ್ಧವೀರಣ್ಣೊಡೆಯರು. ಕೊನೆಯ ಇಬ್ಬರೂ ಎಡೆಯೂರು ಸಿದ್ಧಲಿಂಗರ ಪರಂಪರೆಯವರು. ಗೂಳೂರು ಇರುವುದು ತುಮಕೂರಿನ ಮಗ್ಗುಲಲ್ಲೇ. ದೀಪಾವಳಿ ಆದ ಮೇಲೆ ಮಣ್ಣಿನ ದೊಡ್ಡ ಗಣಪನನ್ನು ಕೂರಿಸಿ ತಿಂಗಳಿಡೀ ಪೂಜಿಸುವ ಊರೆಂದು ಎಲ್ಲರಿಗೂ ಅದರ ಪರಿಚಯ. ಕನ್ನಡದ ಅತ್ಯಂತ ಗಹನವಾದ ತತ್ವಗ್ರಂಥಕ್ಕೆ ಕೊನೆಯ ರೂಪ ಕೊಟ್ಟವರ ಊರೆಂದು ಅದನ್ನು ನೆನೆಯುವವರು ಕಡಿಮೆ. ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯ 1965ರಿಂದ 1972ರವರೆಗೆ ಐದು ಸಂಪುಟಗಳಲ್ಲಿ ಇಂಗ್ಲಿಷಿಗೆ ತಂದದ್ದು ಗೂಳೂರಿನವರ ಈ ಗ್ರಂಥವನ್ನೇ.

ಸಂಪಾದನೆ ಎಂಬ ಮಾತನ್ನು ನೋಡಿ. “ಏನಪ್ಪಾ, ಸಂಪಾದನೆ ಹೇಗಿದೆ?” ಎಂದು ಕೇಳುವ ಮನೆಮಾತು ಅದು. ಜೀವಮಾನವಿಡೀ ದುಡಿದು ಇವರು ಸಂಪಾದಿಸಿದ್ದು ಶೂನ್ಯವನ್ನು. ಇಂದು ಹಳೆಯ ಗ್ರಂಥಗಳನ್ನು ಪರಿಷ್ಕರಿಸುವ ಕೆಲಸಕ್ಕೂ ಸಂಪಾದನೆ ಎಂದೇ ಅನ್ನುತ್ತೇವೆ. ಸಿದ್ಧವೀರಣ್ಣೊಡೆಯರು ಎರಡೂ ಅರ್ಥದಲ್ಲಿ ಸಂಪಾದಕರು.

*

ಈ ಗ್ರಂಥದ ನಡುವೆ ಇರುವವನು ಅಲ್ಲಮ. ಅವನ ಗುರುವಿನ ಹೆಸರಲ್ಲೇ ಇಡೀ ದರ್ಶನ ಅಡಗಿದೆ. ಹರಿಹರ ಹೇಳುವ ಕತೆ ಹೀಗೆ: ಅಲ್ಲಮನ ನಲ್ಲೆ ಕಾಮಲತೆ ಜ್ವರ ಬಂದು ತೀರಿಕೊಳ್ಳುತ್ತಾಳೆ. ದುಃಖದಲ್ಲಿ ಅಲೆಯುತ್ತ ತೋಪೊಂದರಲ್ಲಿ ಕೂತವನು ಸುಮ್ಮನೆ ಉಗುರಿನಿಂದ ನೆಲ ಕೆರೆಯುತ್ತಾನೆ. ಮಣ್ಣೊಳಗಿಂದ ಹೊನ್ನ ಕಳಸವೊಂದು ಕಾಣುತ್ತದೆ. ಅಗೆಸಿದರೆ ಹೂತು ಹೋದ ಗುಡಿ. ಬಾಗಿಲು ಒದ್ದು ಒಳಗೆ ಹೋದರೆ, ಅಂಗೈ ಮೇಲಿನ ಲಿಂಗದಲ್ಲಿ ಕಣ್ಣು ನೆಟ್ಟು ಒಬ್ಬ ಯೋಗಿ ಕೂತಿದ್ದಾನೆ. ಹೆಸರು ಅನಿಮಿಷಯ್ಯ. ಮಾತಿಲ್ಲ, ಉಪದೇಶವಿಲ್ಲ. ಲಿಂಗ ಅವನ ಕೈಯಿಂದ ಅಲ್ಲಮನ ಕೈಗೆ ಬರುತ್ತದೆ. ಕೊಟ್ಟವನ ಪ್ರಾಣ ಹೋಗುತ್ತದೆ.

ಅನಿಮಿಷ ಎಂದರೆ ಎವೆಯಿಕ್ಕದವನು, ರೆಪ್ಪೆ ಬಡಿಯದವನು. ನಿಮಿಷ ಎಂದರೆ ಮೂಲದಲ್ಲಿ ರೆಪ್ಪೆಯ ಬಡಿತವೇ. ಆ ಬಡಿತವನ್ನೇ ನಮ್ಮ ಹಿರಿಯರು ಕಾಲದ ಅಳತೆಗೋಲು ಮಾಡಿಕೊಂಡರು. ಮನುಸ್ಮೃತಿಯ ಲೆಕ್ಕದಲ್ಲಿ 18 ನಿಮೇಷಕ್ಕೆ ಒಂದು ಕಾಷ್ಠಾ, 30 ಕಾಷ್ಠಾಕ್ಕೆ ಒಂದು ಕಲಾ, 30 ಕಲಾಕ್ಕೆ ಒಂದು ಮುಹೂರ್ತ, 30 ಮುಹೂರ್ತಕ್ಕೆ ಒಂದು ಹಗಲು ಇರುಳು. ಗುಣಿಸಿದರೆ ದಿನಕ್ಕೆ 4,86,000 ನಿಮೇಷ. ದಿನದ 86,400 ಸೆಕೆಂಡುಗಳನ್ನು ಅದರಿಂದ ಭಾಗಿಸಿ ನೋಡಿ, ಒಂದು ನಿಮೇಷ ಸುಮಾರು 0.18 ಸೆಕೆಂಡು. ಇಂದಿನ ಅಳತೆಯಲ್ಲಿ ಮನುಷ್ಯ ಒಂದು ಸಲ ರೆಪ್ಪೆ ಬಡಿಯಲು ತೆಗೆದುಕೊಳ್ಳುವುದು 0.1ರಿಂದ 0.4 ಸೆಕೆಂಡು. ಲೆಕ್ಕ ಹಾಕಿದವರು ಕಣ್ಣನ್ನು ನೋಡಿಯೇ ಹಾಕಿದ್ದಾರೆ. ಕಾಲ ಹೋದ ಹಾಗೆ ಕನ್ನಡದಲ್ಲಿ ನಿಮಿಷ ಹಿಗ್ಗಿ ಅರವತ್ತು ಸೆಕೆಂಡು ಆಯಿತು. “ಒಂದ್ನಿಮಿಷ ಇರಿ” ಎನ್ನುವಾಗ ನಾವು ಹೇಳುತ್ತಿರುವುದು ಒಂದು ರೆಪ್ಪೆ ಬಡಿತ ತಡೆಯಿರಿ ಎಂದು.

ಹಾಗಾದರೆ ರೆಪ್ಪೆಯನ್ನೇ ಬಡಿಯದವನಿಗೆ ಕಾಲ ಯಾವುದು? ಅನಿಮಿಷ ಎಂಬ ಹೆಸರು ಕೇಳುವುದು ಈ ಪ್ರಶ್ನೆಯನ್ನು. ಪುರಾಣದಲ್ಲಿ ದೇವತೆಗಳು ಅನಿಮಿಷರು; ಹುಟ್ಟಿನಿಂದಲೇ ಅವರ ರೆಪ್ಪೆ ಬಡಿಯುವುದಿಲ್ಲ. ಈ ಗುಡಿಯೊಳಗಿನವನು ಮನುಷ್ಯ. ನೋಡಿ ನೋಡಿ ಅನಿಮಿಷನಾದವನು. ದೇವತ್ವ ಇಲ್ಲಿ ಅಭ್ಯಾಸದ ಫಲ. ಅಜ್ಜಿಯ ಉರಿಯುವ ಕಣ್ಣೂ ಅದೇ ದಾರಿಯಲ್ಲಿತ್ತು.

*

ಬಣ್ಣದ ಮಾತಿಗೆ ಬರುತ್ತೇನೆ. ಈ ದರ್ಶನ ಅತ್ಯಂತ ಸ್ವಂತವಾಗಿರುವುದು ಇಲ್ಲಿ.

ಚನ್ನಬಸವಣ್ಣ ಕಟ್ಟಿ, ಎಡೆಯೂರು ಸಿದ್ಧಲಿಂಗರು ಬಿಡಿಸಿಟ್ಟ ಷಟ್‌ಸ್ಥಲದಲ್ಲಿ ಇಂದ್ರಿಯಗಳಿಗೆ ಒಂದೊಂದು ಲಿಂಗವಿದೆ. ಮೂಗಿಗೆ ಆಚಾರಲಿಂಗ, ನಾಲಗೆಗೆ ಗುರುಲಿಂಗ, ಕಣ್ಣಿಗೆ ಶಿವಲಿಂಗ, ಚರ್ಮಕ್ಕೆ ಜಂಗಮಲಿಂಗ, ಕಿವಿಗೆ ಪ್ರಸಾದಲಿಂಗ, ಹೃದಯಕ್ಕೆ ಮಹಾಲಿಂಗ. ಇದನ್ನು ಬಾಯಿಪಾಠದ ಪಟ್ಟಿಯಾಗಿ ಓದಿದರೆ ಒಣಗಲು. ನಿಲ್ಲಿಸಿ, ಕಣ್ಣಿನ ಸಾಲೊಂದನ್ನು ಅಡ್ಡಡ್ಡಲಾಗಿ ಓದಿ: ಸ್ಥಲ ಪ್ರಸಾದಿ, ಭೂತ ಅಗ್ನಿ, ಇಂದ್ರಿಯ ಕಣ್ಣು, ವಿಷಯ ರೂಪು, ಅರ್ಪಿಸುವ ಕೈ ನಿರಹಂಕಾರ. ರೂಪನ್ನು, ಬಣ್ಣವನ್ನು ಹಿಡಿದುಕೊಳ್ಳುವ ಕೈಗೆ ಇವರು ಇಟ್ಟ ಹೆಸರು ನಿರಹಂಕಾರ! ನೋಡುವುದಕ್ಕೂ ಅಹಂಕಾರಕ್ಕೂ ಏನು ಸಂಬಂಧ ಎಂದು ಕೇಳಬಹುದು. ಒಂದು ಸೀರೆ ಅಂಗಡಿಗೆ ಹೋಗಿ ಬನ್ನಿ, ಗೊತ್ತಾಗುತ್ತದೆ. ಬಣ್ಣ ಕಣ್ಣಿಗೆ ಬಿದ್ದ ತಕ್ಷಣ ಅದರ ಬೆನ್ನಿಗೇ ‘ನನಗೆ ಒಪ್ಪುತ್ತದೆ’, ‘ನನಗೆ ಬೇಡ’, ‘ನನ್ನ ಹತ್ತಿರ ಇಂಥದ್ದಿಲ್ಲ’ ಬಂದುಬಿಡುತ್ತದೆ. ಬಣ್ಣವನ್ನು ನೋಡುವ ಮೊದಲೇ ನಾವು ನಮ್ಮನ್ನು ನೋಡಿಕೊಂಡಿರುತ್ತೇವೆ.

ಇದಕ್ಕೆ ಶರಣರು ಕಂಡ ಉಪಾಯ ಅರ್ಪಣೆ. ಲೋಕದಲ್ಲಿರುವುದೆಲ್ಲ ಮೊದಲು ಪದಾರ್ಥ. ಅದನ್ನು ಲಿಂಗಕ್ಕೆ ಅರ್ಪಿಸಿ ತೆಗೆದುಕೊಂಡರೆ ಪ್ರಸಾದ. ವಸ್ತು ಅದೇ, ಬಣ್ಣ ಅದೇ, ರುಚಿ ಅದೇ. ತೆಗೆದುಕೊಳ್ಳುವ ಬಗೆ ಬೇರೆ. ಅರ್ಪಿಸುವುದು ಒಂದೇ ಏಟಿಗಲ್ಲ, ಮೂರು ಹಂತದಲ್ಲಿ: ರೂಪು ಇಷ್ಟಲಿಂಗಕ್ಕೆ, ರುಚಿ ಪ್ರಾಣಲಿಂಗಕ್ಕೆ, ತೃಪ್ತಿ ಭಾವಲಿಂಗಕ್ಕೆ. ಒಂದು ಮಾವಿನಹಣ್ಣಿನ ಮುಂದೆ ಕೂತು ಇದನ್ನು ಯೋಚಿಸಿ. ಮೊದಲು ಹಳದಿ ಕಾಣುತ್ತದೆ. ಅದು ಕಣ್ಣಿಗೆ ಸೇರಿದ್ದು, ಹೊರಗಿನದು. ಆಮೇಲೆ ನಾಲಗೆ ಮೇಲೆ ಸಿಹಿ. ಅದು ಉಸಿರಿನಷ್ಟು ಒಳಗಿನದು. ಹಣ್ಣು ಮುಗಿದ ಮೇಲೆ ಉಳಿಯುವ ತಂಪು. ಅದಕ್ಕೆ ಬಣ್ಣವೂ ಇಲ್ಲ, ರುಚಿಯೂ ಇಲ್ಲ, ಆದರೂ ಇದೆ. ನಾವು ಒಂದೇ ಗುಟುಕಿನಲ್ಲಿ ನುಂಗುವ ಅನುಭವವನ್ನು ಮೂರು ಗಳಿಗೆಗಳಾಗಿ ಬಿಡಿಸಿ, ಪ್ರತಿಯೊಂದರ ಬಾಗಿಲಲ್ಲೂ ಎಚ್ಚರವನ್ನು ಕಾವಲು ನಿಲ್ಲಿಸಿದರು. ಆ ಎಚ್ಚರಕ್ಕೆ ಅವರ ಮಾತು ಅವಧಾನ. ಕಾಣುವುದಕ್ಕೂ ಬಯಸುವುದಕ್ಕೂ ನಡುವೆ ಇರುವ ಕೂದಲೆಳೆಯಷ್ಟು ಕಾಲ ಅವರ ಸಾಧನೆಯ ಜಾಗ.

ಬಣ್ಣ ವಸ್ತುವಿನಲ್ಲಿದೆ ಎನ್ನುವವರು ಒಂದು ಕಡೆ, ಮನಸ್ಸಿನಲ್ಲಿದೆ ಎನ್ನುವವರು ಇನ್ನೊಂದು ಕಡೆ ನಿಂತು ಶತಮಾನಗಳಿಂದ ವಾದಿಸುತ್ತಿದ್ದಾರೆ. ಶರಣರು ಮೂರನೆಯ ಮಾತು ಹೇಳಿದರು. ಬಣ್ಣ ಒಂದು ಕೊಡುಕೊಳು. ಎಲ್ಲಿದೆ ಎಂದು ಕೇಳಬೇಡ; ಯಾರಿಗೆ ಕೊಟ್ಟು ತೆಗೆದುಕೊಂಡೆ ಎಂದು ಕೇಳು. ಬಣ್ಣದ ಬಗ್ಗೆ ಇಷ್ಟು ನೈತಿಕವಾದ ಪ್ರಶ್ನೆಯನ್ನು ನಾನು ಬೇರೆಲ್ಲೂ ಓದಿಲ್ಲ.

*

ಈ ದರ್ಶನ ಕನ್ನಡದಲ್ಲೇ ಯಾಕೆ ಇಷ್ಟು ಸಲೀಸಾಗಿ ಬೆಳೆಯಿತು? ಭಾಷೆಯೇ ಅರ್ಧ ದಾರಿ ನಡೆದುಕೊಂಡು ಬಂದಿತ್ತು ಎಂದು ನನ್ನ ಉತ್ತರ. ‘ಬೆಳಗು’ ಎನ್ನುತ್ತೇವೆ. ಅದು ಹೊತ್ತು. ಬೆಳಗಾಯಿತು, ಏಳಿ. ಅದೇ ಬೆಳಕು ಕೂಡ. ದೀಪ ಬೆಳಗು. ಪಾತ್ರೆ ಬೆಳಗು ಎಂದರೆ ಉಜ್ಜಿ ಹೊಳಪು ಬರಿಸು. ಬೇರಿಗೆ ಹೋದರೆ ಬಿಳಿ, ಬೆಳ್ಳಿ, ಬೆಳದಿಂಗಳುಗಳ ಬಳಗ, ಅಂದರೆ ಬಣ್ಣ. ಕಾಲ, ನೋಟ, ಬಣ್ಣ ಮೂರೂ ಒಂದೇ ಮಾತಿನಲ್ಲಿ. ವಚನಕಾರರು ಪರಮಸತ್ಯಕ್ಕೆ ಬೆಳಗು ಎಂದು ಹೆಸರಿಟ್ಟಾಗ ಹೊಸ ಪರಿಭಾಷೆಯನ್ನೇನೂ ಕಟ್ಟಲಿಲ್ಲ. ಹಿತ್ತಲಲ್ಲಿ ಪಾತ್ರೆ ಬೆಳಗುವವರ ಬಾಯಲ್ಲಿದ್ದ ಮಾತನ್ನೇ ಎತ್ತಿಕೊಂಡರು.

ಬಯಲು ಇನ್ನೊಂದು. ನಮ್ಮದು ಬಯಲುಸೀಮೆ. ರಾಗಿ ಹೊಲ ಕೊಯ್ದ ಮೇಲೆ ಗುಬ್ಬಿಯ ಕಡೆ ನಿಂತು ನೋಡಿದರೆ ಕಣ್ಣಿಗೆ ತಡೆಯಿಲ್ಲ. ಬಯಲಿಗೆ ತನ್ನದೆಂಬ ಬಣ್ಣವಿಲ್ಲ. ಹೊತ್ತು ಕೊಟ್ಟ ಬಣ್ಣ ಅದರದು. ಶೂನ್ಯ ಎಂಬ ಸಂಸ್ಕೃತ ಮಾತಿನಲ್ಲಿ ‘ಏನೂ ಇಲ್ಲ’ ಎಂಬ ಭಯವಿದೆ, ಬಯಲಿನಲ್ಲಿ ಆ ಭಯವಿಲ್ಲ. ಬಯಲೆಂದರೆ ಎಲ್ಲಕ್ಕೂ ಜಾಗವಿದೆ. ಇನ್ನು ‘ಬಣ್ಣ ಬಯಲಾಯಿತು’ ಎಂಬ ನುಡಿಗಟ್ಟನ್ನು ಇವತ್ತು ಕಳ್ಳರಿಗೂ ರಾಜಕಾರಣಿಗಳಿಗೂ ಬಳಸಿ ಸವೆಸಿದ್ದೇವೆ. ಕಿವಿಗೊಟ್ಟು ಕೇಳಿದರೆ ಅಲ್ಲಮನ ಇಡೀ ದಾರಿ ಆ ಎರಡು ಪದಗಳಲ್ಲಿದೆ. ಬಣ್ಣವು ಬಯಲಾಗುವುದು.

ನಿರಂಜನ ಎಂಬ ಹೆಸರನ್ನೂ ಇಲ್ಲಿ ನೆನೆಯಬೇಕು. ಅಂಜನವೆಂದರೆ ಕಣ್ಣಿನ ಕಾಡಿಗೆ. ನಿರಂಜನ, ಕಾಡಿಗೆಯ ಕಲೆಯಿಲ್ಲದ್ದು. ಸಿದ್ಧಲಿಂಗರ ವಚನಗಳಲ್ಲಿ ಕಾಲವಿಲ್ಲದ, ಕರ್ಮವಿಲ್ಲದ, ಮಾಯೆಯಿಲ್ಲದ ಮೊದಲ ಸ್ಥಿತಿಯ ವರ್ಣನೆ ಮತ್ತೆ ಮತ್ತೆ ಬರುತ್ತದೆ. ಆ ನೆಲೆಗೆ ಸಲ್ಲುವ ಹೆಸರುಗಳಲ್ಲಿ ಇದೂ ಒಂದು. ಅಂಗೈ ಮೇಲೆ ಕಡು ಕಪ್ಪನ್ನು ಇಟ್ಟುಕೊಂಡು, ಅದರ ಮೂಲಕವೇ ಕಪ್ಪು ಸೋಕದ ಕಡೆಗೆ ಹೋಗುವ ದಾರಿ ಇದು. ಎಲ್ಲ ಬಣ್ಣವನ್ನೂ ನುಂಗಿಕೊಳ್ಳುವುದು ಕಪ್ಪು ತಾನೆ.

*

ವಿಜ್ಞಾನ ಏನು ಹೇಳುತ್ತದೆ ಎಂಬುದನ್ನು ಹೇಳದೆ ಮುಂದೆ ಹೋದರೆ ತಪ್ಪಾದೀತು. ‘ನಮ್ಮವರಿಗೆ ಇದೆಲ್ಲ ಆಗಲೇ ಗೊತ್ತಿತ್ತು’ ಎಂಬ ಮಾತು ನನಗೆ ಹಿಡಿಸದು. ಶರಣರು ಪ್ರಯೋಗಾಲಯ ಕಟ್ಟಲಿಲ್ಲ, ಅವರ ಗುರಿಯೂ ಬೇರೆ. ಆದರೆ ಒಂದೇ ಗುಡ್ಡವನ್ನು ಎರಡು ಕಡೆಯಿಂದ ಹತ್ತಿದವರು ಮಧ್ಯದಲ್ಲಿ ಒಬ್ಬರಿಗೊಬ್ಬರು ಎದುರಾಗುವುದುಂಟು.

ಅಜ್ಜಿಯ ದಾಸವಾಳ ಕಪ್ಪಾಗಿದ್ದುದಕ್ಕೆ ಕಾರಣವಿದೆ. ನಮ್ಮ ಕಣ್ಣಿನ ಒಳಪರದೆಯಲ್ಲಿ ಎರಡು ಬಗೆಯ ಕೋಶಗಳು. ಹಗಲಿನ ಬಣ್ಣ ಕಾಣಿಸುವವು ಶಂಕುಗಳು, ಮಬ್ಬಿನಲ್ಲಿ ಕೆಲಸ ಮಾಡುವವು ಸಲಾಕೆಗಳು. ಸಲಾಕೆಗಳಿಗೆ ಕೆಂಪು ಹೆಚ್ಚುಕಡಿಮೆ ಕಾಣುವುದೇ ಇಲ್ಲ. ಹಸಿರು, ನೀಲಿಯ ಕಡೆಯ ಬೆಳಕು ಅವಕ್ಕೆ ಬೇಗ ತಟ್ಟುತ್ತದೆ. ಹಾಗಾಗಿ ಜಾವದಲ್ಲಿ ಎಲೆ ಮೊದಲು, ಹೂ ಆಮೇಲೆ. 19ನೇ ಶತಮಾನದ ಆರಂಭದಲ್ಲಿ ಪುರ್ಕಿನ್ಯೆ ಎಂಬ ಚೆಕ್ ವಿಜ್ಞಾನಿ ಇದನ್ನು ಗುರುತಿಸಿದ, ಅವನದೇ ಹೆಸರು ಅದಕ್ಕೆ ನಿಂತಿದೆ. ಬೆಂಗಳೂರಿನಲ್ಲಿ ಕೂತು ಸಿ.ವಿ. ರಾಮನ್ ತಮ್ಮ ಕೊನೆಯ ವರ್ಷಗಳಲ್ಲಿ ಹಠ ಹಿಡಿದು ಅಧ್ಯಯನ ಮಾಡಿದ್ದು ಹೂಗಳ ಬಣ್ಣವನ್ನು, ಕಣ್ಣು ನೋಡುವ ಬಗೆಯನ್ನು. 1968ರಲ್ಲಿ ದೃಷ್ಟಿಯ ಬಗ್ಗೆ ಪುಸ್ತಕವನ್ನೇ ಹೊರತಂದರು.

ಎವೆಯಿಕ್ಕದ ನೋಟದ ವಿಚಾರ ಇನ್ನೂ ಸ್ವಾರಸ್ಯದ್ದು. 1804ರಲ್ಲಿ ಸ್ವಿಟ್ಜರ್ಲೆಂಡಿನ ವೈದ್ಯ ಟ್ರಾಕ್ಸ್‌ಲರ್ ಒಂದು ಸಂಗತಿ ಕಂಡ. ಒಂದು ಬಿಂದುವಿನ ಮೇಲೆ ಅಲುಗದೆ ದೃಷ್ಟಿ ನೆಟ್ಟರೆ, ಸ್ವಲ್ಪ ಹೊತ್ತಿಗೆ ಅಂಚಿನಲ್ಲಿರುವ ಬಣ್ಣಗಳು, ಆಕಾರಗಳು ಮಸುಕಾಗಿ ಇಲ್ಲವಾಗುತ್ತವೆ. ನಮಗೆ ಸಾಮಾನ್ಯವಾಗಿ ಹಾಗಾಗದಿರಲು ಕಾರಣ, ಕಣ್ಣು ನಿಂತಂತೆ ಕಂಡರೂ ನಿಂತಿರುವುದಿಲ್ಲ. ಸದಾ ಸಣ್ಣಗೆ ಕಂಪಿಸುತ್ತಿರುತ್ತದೆ. 1950ರ ದಶಕದಲ್ಲಿ ವಿಜ್ಞಾನಿಗಳು ಕಣ್ಣಿಗೆ ಅಂಟಿಕೊಂಡ ಮಸೂರಕ್ಕೆ ಪುಟ್ಟ ಕನ್ನಡಿ ಕೂರಿಸಿ, ಕಣ್ಣು ಹೊರಳಿದತ್ತಲೇ ಚಿತ್ರವೂ ಹೊರಳುವಂತೆ ಮಾಡಿದರು. ಚಿತ್ರ ಒಳಪರದೆಯ ಒಂದೇ ಜಾಗದಲ್ಲಿ ನಿಂತಿತು. ಕೆಲವೇ ಸೆಕೆಂಡುಗಳಲ್ಲಿ ನೋಡುತ್ತಿದ್ದವರಿಗೆ ಅದು ಕಾಣದಾಯಿತು. ಬದಲಾಗದೇ ಇರುವುದನ್ನು ಕಣ್ಣು ಕಾಣಲಾರದು. ನೋಟಕ್ಕೆ ಬದಲಾವಣೆ ಬೇಕು, ಬದಲಾವಣೆಯೆಂದರೆ ಕಾಲ. ಕಾಲ ನಿಂತರೆ ಬಣ್ಣವೂ ನಿಲ್ಲದು, ಬಯಲಾಗುತ್ತದೆ.

ಅಡಿಕೆ ಬೇಯಿಸುವ ನಮ್ಮ ಕಡೆಯವರಿಗೆ ಬಣ್ಣ ಮತ್ತು ಕಾಲದ ನಂಟನ್ನು ಹೇಳಿಕೊಡಬೇಕಿಲ್ಲ. ಹಸಿ ಅಡಿಕೆ ಸುಲಿದು, ಹಂಡೆಯಲ್ಲಿ ಬೇಯಿಸಿ, ಚೊಗರು ಹಾಕಿ, ಅಂಗಳದಲ್ಲಿ ದಿನಗಟ್ಟಲೆ ಹರವುತ್ತಾರೆ. ಒಣಗಿದ ಅಡಿಕೆಯನ್ನು ಅಂಗೈಗೆ ಹಾಕಿಕೊಂಡು ಬಣ್ಣ ನೋಡಿದರೆ ಸಾಕು, ಎಳೆಯದೋ ಬಲಿತದ್ದೋ, ಎಷ್ಟು ಬೆಂದಿದೆ, ಬಿಸಿಲು ಸಾಕಾಗಿದೆಯೇ ಎಂದು ವ್ಯಾಪಾರಿ ಹೇಳುತ್ತಾನೆ. ಆ ಕೆಂಪು ಹಲವು ದಿನಗಳ ಮೊತ್ತ. ಹಸಿಯದ್ದೆಲ್ಲ ಹಸಿರು ಎಂದ ಭಾಷೆ ನಮ್ಮದು.

*

ಕಾಲದ ಬಗ್ಗೆ ಈ ದರ್ಶನ ಸಂಸಾರಸ್ಥರಿಗೆ ಹೇಳಿದ ಒಂದು ಖಡಕ್ ಮಾತಿದೆ. ಹೊತ್ತಿನಲ್ಲಿ ಒಳ್ಳೆಯದು ಕೆಟ್ಟದ್ದು ಎಂಬ ಬಣ್ಣ ಇಲ್ಲ. ಶರಣರು ಕೂಡಿದ ಹೊತ್ತೇ ಲಗ್ನ, ಅದೇ ತಾರಾಬಲ ಎಂಬುದು ಬಸವಣ್ಣನ ನಿಲುವು. ನಾಳೆ ಬರುವುದನ್ನು ಇಂದೇ ಎದುರುಗೊಳ್ಳುವ ಎದೆಗಾರಿಕೆ ಅವನದು. ಎವೆಯಿಕ್ಕದೆ ನೋಡುವವನಿಗೆ ರಾಹುಕಾಲ ಎಲ್ಲಿಂದ ಬಂದೀತು? ಅದೇ ಮನೆತನಗಳಲ್ಲಿ ಇಂದು ಕೊರಳಲ್ಲಿ ಲಿಂಗ, ಗೋಡೆಯಲ್ಲಿ ಗುಳಿಕಕಾಲದ ಕ್ಯಾಲೆಂಡರು. ಲಿಂಗದೀಕ್ಷೆಗೂ ಮುಹೂರ್ತ ಹುಡುಕುತ್ತೇವೆ. ನನ್ನ ಮನೆಯಲ್ಲೂ ಹೀಗೇ ನಡೆದಿದೆ, ಆಗ ನಾನು ಸುಮ್ಮನಿದ್ದೆ. ಅದು ಸರಿಯಲ್ಲ ಎಂದು ಈಗ ಗಟ್ಟಿಯಾಗಿ ಹೇಳುತ್ತೇನೆ. ಪೂಜೆಯ ಸಾಮಾನನ್ನು ಉಳಿಸಿಕೊಂಡು ಪೂಜೆಯೊಳಗಿನ ವಿಚಾರವನ್ನು ಕೈಬಿಟ್ಟಿದ್ದೇವೆ.

ವಿಚಾರವನ್ನು ಓದಲು ಬೇಕಾದದ್ದೆಲ್ಲ ಕನ್ನಡದಲ್ಲಿ ಅಚ್ಚಾಗಿದೆ. 1993ರಲ್ಲಿ ಎಂ.ಎಂ. ಕಲಬುರ್ಗಿಯವರ ಪ್ರಧಾನ ಸಂಪಾದಕತ್ವದಲ್ಲಿ ಬಂದ ಸಮಗ್ರ ವಚನ ಸಾಹಿತ್ಯದ 15 ಸಂಪುಟಗಳಲ್ಲಿ ಬಸವೋತ್ತರ ಯುಗದವರ ವಚನಗಳೂ ಇವೆ. ಬಸವಣ್ಣ, ಅಕ್ಕ, ಅಲ್ಲಮರ ಸಂಪುಟಗಳ ಪುಟ ಸವೆದಿರುತ್ತದೆ. ಎಡೆಯೂರಿನವರನ್ನು, ಅವರ ಶಿಷ್ಯರಾದ ಘನಲಿಂಗಿದೇವ, ಸ್ವತಂತ್ರ ಸಿದ್ಧಲಿಂಗರನ್ನು ತೆರೆಯುವವರು ಕಡಿಮೆ. ಪರಿಭಾಷೆ ಹೆಚ್ಚು, ಕಾವ್ಯ ಕಡಿಮೆ ಎಂಬ ದೂರಿದೆ. ದೂರಿನಲ್ಲಿ ಸತ್ಯವಿಲ್ಲ ಎನ್ನಲಾರೆ. ಸಿದ್ಧಲಿಂಗರ ಎಷ್ಟೋ ವಚನಗಳು ಪಟ್ಟಿಯಂತೆಯೇ ಕಾಣುತ್ತವೆ. ಆದರೆ ಪಂಚಾಂಗದ ಪಟ್ಟಿಗೂ ಕಣ್ಣಿನ ವೈದ್ಯರ ಕೋಣೆಯ ಅಕ್ಷರಪಟ್ಟಿಗೂ ವ್ಯತ್ಯಾಸವಿದೆ. ಸಿದ್ಧಲಿಂಗರದು ಎರಡನೆಯ ಬಗೆಯದು. ನಿಮ್ಮ ಕಣ್ಣು ಎಷ್ಟು ದೂರ ಕಾಣುತ್ತದೆ ಎಂದು ಪರೀಕ್ಷಿಸಲು ಇಟ್ಟದ್ದು.

ಅಜ್ಜಿ ಹೋಗಿ ಬಹಳ ವರ್ಷವಾಯಿತು. ಲಿಂಗವನ್ನು ಅವರ ಅಂಗೈಯಲ್ಲೇ ಇಟ್ಟು ಸಮಾಧಿ ಮಾಡಿದರು. ಕಣ್ಣು ಉರಿಯುತ್ತದೆಯೇ ಎಂದು ಕೇಳಿದ್ದೆನೇ ಹೊರತು, ಆ ಕಪ್ಪಿನಲ್ಲಿ ಏನು ಕಾಣುತ್ತೀಯ ಅಜ್ಜಿ ಎಂದು ಒಂದು ದಿನವೂ ಕೇಳಲಿಲ್ಲ. ಸುತ್ತಲಿನ ಪಡಸಾಲೆ ಮಸುಕಾಗುತ್ತಿತ್ತೇ, ದೀಪದ ಚುಕ್ಕೆ ದೊಡ್ಡದಾಗುತ್ತಿತ್ತೇ, ಹೊತ್ತು ಹೋದದ್ದು ತಿಳಿಯುತ್ತಿತ್ತೇ? ಅರ್ಧ ಶತಮಾನ ದಿನವೂ ಬಿಡದೆ ನೋಡಿದವರ ಬಾಯಿಂದ ಬರಬಹುದಾಗಿದ್ದ ಉತ್ತರ ಅವರ ಜೊತೆಗೇ ಹೋಯಿತು. ಗುಬ್ಬಿಯಲ್ಲೋ ಕುಣಿಗಲ್ಲಿನಲ್ಲೋ ತುಮಕೂರಿನ ಯಾವುದೋ ಬಡಾವಣೆಯ ಬಾಡಿಗೆ ಮನೆಯಲ್ಲೋ ನಿಮ್ಮ ಅಜ್ಜಿ, ತಾತ ಇವತ್ತಿಗೂ ಬೆಳಗ್ಗೆ ಎದ್ದು ಹಾಗೆ ಕೂರುವವರಿದ್ದರೆ, ಪೂಜೆ ಮುಗಿಯುವವರೆಗೆ ಪಕ್ಕದಲ್ಲಿ ಕೂತಿರಿ. ಮುಗಿದ ಮೇಲೆ ಏನು ಕಂಡಿರಿ ಎಂದು ಕೇಳಿ. ಅವರು ಹೇಳಿದ್ದನ್ನು ಅವರ ಮಾತಿನಲ್ಲೇ ಒಂದು ಪುಸ್ತಕದಲ್ಲಿ ಬರೆದಿಡಿ, ದಿನಾಂಕ ಹಾಕಿ.